ಚೋಮ ಸಾಯ್ತಾನೆ, ಜಬ್ಯಾ ಕಲ್ಲು ಎಸೀತಾನೆ



ಮೊನ್ನೆ ಆಫೀಸಲ್ಲಿ ಊಟದ ಹೊತ್ತಿಗೆ ಸಿನಿಮಾ ಮಾತು ಬಂತು. ನಾಗರಾಜ ಮಂಜುಳೆ ಹೆಸರು ತೆಗೆದವನು ನಾನೇ. ಸಹೋದ್ಯೋಗಿಯೊಬ್ಬರು ಟಿಫನ್ ಬಾಕ್ಸ್ ಮುಚ್ಚುತ್ತಾ, "ಸಿನಿಮಾಗೂ ಜಾತಿ ತರ್ತೀರಲ್ಲ ಸಾರ್, ಕಲೆಗೆಲ್ಲಿ ಜಾತಿ?" ಅಂದರು. ಅಲ್ಲಿ ಸುಮ್ಮನಿದ್ದೆ. ಇಲ್ಲಿ ಉತ್ತರ ಕೊಡ್ತೀನಿ.

ಮಂಜುಳೆ ನಮ್ಮ ವಿಜಯಪುರದ ಪಕ್ಕದ ಸೊಲ್ಲಾಪುರ ಜಿಲ್ಲೆಯವರು. ಕಲ್ಲು ಒಡೆಯುವ ವಡ್ಡರ ಸಮುದಾಯ. ಕವಿತೆ ಬರೆದರು. 'ಪಿಸ್ತುಲ್ಯಾ' ಕಿರುಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಪಡೆದರು. 2013ರ 'ಫಂಡ್ರಿ'ಯಲ್ಲಿ ನಿರ್ದೇಶನವೂ ಅವರದೇ, ಚಂಕ್ಯಾ ಪಾತ್ರವೂ ಅವರದೇ. 2016ರಲ್ಲಿ 'ಸೈರಾಟ್', ಅದು ಕನ್ನಡಕ್ಕೂ 'ಮನಸು ಮಲ್ಲಿಗೆ' ಆಗಿ ಬಂತು. 2022ರ 'ಝುಂಡ್'ನಲ್ಲಿ ಅಮಿತಾಭ್ ಬಚ್ಚನ್ ಅವರನ್ನೇ ಬಾಬಾಸಾಹೇಬರ ಭಾವಚಿತ್ರದ ಮುಂದೆ ತಂದು ನಿಲ್ಲಿಸಿದರು. ಕ್ಯಾಮೆರಾ ಮುಂದೆ, ಕ್ಯಾಮೆರಾ ಹಿಂದೆ, ಎರಡೂ ಕಡೆ ದುಡಿದ ಮನುಷ್ಯ.

ಇದರಿಂದ ಏನು ಬದಲಾಯ್ತು ಅಂತೀರಾ? 'ಫಂಡ್ರಿ' ನೋಡಿ. ಅಪ್ಪ ಮಕ್ಕಳು ಹಂದಿ ಹೊತ್ತು ಶಾಲೆ ಗೋಡೆ ಪಕ್ಕ ನಡೀತಾರೆ. ಗೋಡೆ ಮೇಲೆ ಅಂಬೇಡ್ಕರ್, ಸಾವಿತ್ರಿಬಾಯಿ ಫುಲೆ. ಒಂದು ಮಾತಿಲ್ಲ. ಆ ದಾರೀಲಿ ನಡೆದವನಿಗೆ ಮಾತ್ರ ಕ್ಯಾಮೆರಾ ಎಲ್ಲಿಡಬೇಕು ಅಂತ ಗೊತ್ತಿರುತ್ತೆ.

ಈಗ ನಮ್ಮ 'ಚೋಮನ ದುಡಿ'. 1975ರ ಚಿತ್ರ, ಸ್ವರ್ಣ ಕಮಲ ಬಂತು. ಕಾದಂಬರಿ ಶಿವರಾಮ ಕಾರಂತರದು, ನಿರ್ದೇಶನ ಬಿ.ವಿ. ಕಾರಂತರದು. ದೊಡ್ಡವರು, ಅಂತಃಕರಣ ಇದ್ದವರು. ನಾನೂ ನೋಡಿ ಅತ್ತಿದ್ದೀನಿ. ಆದರೆ ಇಬ್ಬರೂ ಕೇರಿಯವರಲ್ಲ. ಅಲ್ಲಿ ಭೂಮಿ ಸಿಗದ ಚೋಮ ಬಾಗಿಲು ಹಾಕ್ಕೊಂಡು ದುಡಿ ಬಾರಿಸುತ್ತಾ ಸಾಯ್ತಾನೆ. 'ಫಂಡ್ರಿ'ಯ ಜಬ್ಯಾ ಕೊನೆಗೆ ಕಲ್ಲು ಎತ್ತಿ ನಿಮ್ಮ ಮುಖಕ್ಕೇ ಎಸೀತಾನೆ. ನಮ್ಮ ಮೇಲೆ ಕರುಣೆ ತೋರಿಸೋದಕ್ಕೂ ನಮ್ಮ ಸಿಟ್ಟನ್ನು ನಾವೇ ಹೇಳೋದಕ್ಕೂ ಇರೋ ವ್ಯತ್ಯಾಸ ಇದು ಸ್ವಾಮಿ. ಕಲೆಗೆ ಜಾತಿ ಇಲ್ಲದೇ ಇರಬಹುದು, ಕ್ಯಾಮೆರಾ ಹಿಡಿದ ಕೈಗೆ ಇದೆ.

ಈಗ ನನ್ನ ತಪ್ಪನ್ನೂ ಹೇಳ್ತೀನಿ. ಪಿಯುಸಿ ಮುಗಿಸಿದ ಮಗಳು, "ಅಪ್ಪಾ, ಕ್ಯಾಮೆರಾ ಕಲೀತೀನಿ" ಅಂದಳು. ನಾನು, "ಮೊದಲು ಎಸ್‌ಡಿಎ ಪರೀಕ್ಷೆ ಬರಿ, ಸಂಬಳ ಬರಲಿ" ಅಂದೆ. ಅವಳು ತಿರುಗಿ ಕೇಳಿದಳು: "ವೇದಿಕೆ ಮೇಲೆ ನಮ್ಮ ಕಥೆ ನಾವೇ ಹೇಳಬೇಕು ಅಂತೀಯಲ್ಲ, ಯಾರ ಮಗಳು ಹೇಳಬೇಕು?"

ಇಪ್ಪತ್ತು ವರ್ಷ ಭಾಷಣ ಮಾಡಿದವನ ಬಾಯಿ ಕಟ್ಟಿಹೋಯ್ತು.

ಭಯ ನಿಜ. ನಮಗೆ ಒಂದು ಸಿನಿಮಾ ಸೋತರೆ ಎರಡನೆಯದಕ್ಕೆ ದುಡ್ಡು ಹಾಕೋ ಮಾವಂದಿರಿಲ್ಲ. ಅದಕ್ಕೇ ಕೇಳ್ತಿರೋದು: ನಮ್ಮ ಹೆಸರಿನ ಅನುದಾನದಲ್ಲಿ ರಸ್ತೆ, ಚರಂಡಿ ಲೆಕ್ಕ ಬರೆಯೋರೇ, ನಮ್ಮ ಹಾಸ್ಟೆಲ್ ಮಕ್ಕಳ ಕೈಗೆ ಕ್ಯಾಮೆರಾನೂ ಕೊಡಿ. ಜಯಂತಿಗೆ ಡಿಜೆ ತರೋ ಗೆಳೆಯರೇ, ಒಂದು ವರ್ಷ ಆ ದುಡ್ಡಲ್ಲಿ ಕ್ಯಾಮೆರಾ ತನ್ನಿ.

ನನ್ನ ಮಗಳ ಅರ್ಜಿ ಇವತ್ತು ಹಾಕಿದ್ದೀನಿ. ಸಹಿ ನನ್ನದೇ.

ಜೈ ಭೀಮ್.