ರಾಯಭಾರಿಗೆ ಒಲಿಯದ ಎರಡು ಕುರ್ಚಿಗಳು

ತಾಂಜಾನಿಯಾದ ಸಲೀಂ ಅಹ್ಮದ್ ಸಲೀಂ ಮೊದಲ ಸಲ ರಾಯಭಾರಿಯಾದಾಗ ಅವರ ವಯಸ್ಸು 22. ಅವರ ಹುಟ್ಟೂರು ಜಂಜಿಬಾರಿನಲ್ಲಿ 1964ರ ಜನವರಿಯಲ್ಲಿ ಕ್ರಾಂತಿಯಾಗಿ ಸುಲ್ತಾನ ದೇಶ ಬಿಟ್ಟ. ಏಪ್ರಿಲ್‌ನಲ್ಲಿ ಆ ದ್ವೀಪ ಟಾಂಗನಿಕಾ ಜೊತೆ ಸೇರಿ ಹೊಸ ದೇಶವಾಯಿತು. ಓದಿದವರ ಸಂಖ್ಯೆ ಬೆರಳೆಣಿಕೆಯಷ್ಟಿದ್ದ ಕಾಲವದು. ವಿದ್ಯಾರ್ಥಿ ಚಳವಳಿಯಲ್ಲಿ ಹೆಸರು ಮಾಡಿದ್ದ ಯುವಕನನ್ನು ಸರ್ಕಾರ ಕೈರೋಗೆ ಕಳಿಸಿತು. ಮರುವರ್ಷವೇ ಅವರು ದೆಹಲಿಗೆ ಹೈಕಮಿಷನರ್ ಆಗಿ ಬಂದು 1968ರವರೆಗೆ ಇದ್ದರು. ಇಲ್ಲಿನ ಸೇಂಟ್ ಸ್ಟೀಫನ್ಸ್ ಕಾಲೇಜಿನಲ್ಲಿ ಓದಿದರು.

1970ರಲ್ಲಿ ನ್ಯೂಯಾರ್ಕಿಗೆ ಹೋದ ಸಲೀಂ ಮುಂದಿನ ಹತ್ತು ವರ್ಷ ವಿಶ್ವಸಂಸ್ಥೆಯಲ್ಲಿ ತಾಂಜಾನಿಯಾದ ಪ್ರತಿನಿಧಿ. ದೇಶ ಬಡದಾದರೂ ಅದರ ಮಾತಿಗೆ ತೂಕವಿತ್ತು. ಮೊಜಾಂಬಿಕ್, ಅಂಗೋಲಾ, ರೊಡೇಶಿಯಾ, ದಕ್ಷಿಣ ಆಫ್ರಿಕಾಗಳ ವಿಮೋಚನಾ ಹೋರಾಟಗಾರರಿಗೆ ಅಧ್ಯಕ್ಷ ಜೂಲಿಯಸ್ ನ್ಯೆರೆರೆ ದಾರ್ ಎಸ್ ಸಲಾಮ್‌ನಲ್ಲಿ ನೆಲೆ ಕೊಟ್ಟಿದ್ದರು. 1972ರಿಂದ ವಿಶ್ವಸಂಸ್ಥೆಯ ವಸಾಹತು ವಿಮೋಚನಾ ಸಮಿತಿಯ ಅಧ್ಯಕ್ಷರಾಗಿದ್ದ ಸಲೀಂ, ಆ ಹೋರಾಟಗಳಿಗೆ ಅಂತರರಾಷ್ಟ್ರೀಯ ವೇದಿಕೆ ಒದಗಿಸಿದರು.

ಅವರಿಗೆ ಹೆಸರನ್ನೂ ಹಗೆಯನ್ನೂ ಒಟ್ಟಿಗೆ ತಂದ ದಿನ 1971ರ ಅಕ್ಟೋಬರ್ 25. ತೈವಾನ್ ಕುಳಿತಿದ್ದ ಸ್ಥಾನವನ್ನು ಬೀಜಿಂಗ್ ಸರ್ಕಾರಕ್ಕೆ ಕೊಡುವ ನಿರ್ಣಯ ಅಂದು ಮಹಾಸಭೆಯಲ್ಲಿ 76–35 ಮತಗಳಿಂದ ಗೆದ್ದಿತು. ಅದಕ್ಕಾಗಿ ಬೆಂಬಲ ಕಲೆಹಾಕಿದವರಲ್ಲಿ ಸಲೀಂ ಮುಂಚೂಣಿಯಲ್ಲಿದ್ದರು. ತಾಂಜಾನಿಯಾಕ್ಕೆ ಚೀನಾದ ಋಣವೂ ಇತ್ತು: ದಾರ್ ಎಸ್ ಸಲಾಮ್‌ನಿಂದ ಜಾಂಬಿಯಾಕ್ಕೆ 1,860 ಕಿ.ಮೀ. ಉದ್ದದ ರೈಲು ಮಾರ್ಗವನ್ನು ಚೀನಾ ಆಗ ಹಾಕುತ್ತಿತ್ತು. ಫಲಿತಾಂಶ ಹೊರಬಿದ್ದಾಗ ತಾಂಜಾನಿಯಾ ನಿಯೋಗದವರು ಸಭಾಂಗಣದಲ್ಲೇ ಕುಣಿದರು. ಸೋತ ಅಮೆರಿಕದ ಪರವಾಗಿ ಅಲ್ಲಿ ಕುಳಿತಿದ್ದವರು ಜಾರ್ಜ್ ಬುಷ್. ಹತ್ತು ವರ್ಷಗಳ ನಂತರ ಅವರು ತಮ್ಮ ದೇಶದ ಉಪಾಧ್ಯಕ್ಷರಾಗಿದ್ದರು.

ಆ ಹೊತ್ತಿಗೆ ಸಲೀಂ 1979ರ ಮಹಾಸಭೆಯ ಅಧ್ಯಕ್ಷತೆ ವಹಿಸಿ, ವಿದೇಶಾಂಗ ಸಚಿವರಾಗಿ ಊರಿಗೆ ಮರಳಿದ್ದರು. 1981ರಲ್ಲಿ ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿ ಸ್ಥಾನಕ್ಕೆ ಆಫ್ರಿಕಾದ ಅಭ್ಯರ್ಥಿಯಾಗಿ ನಿಂತರು. ಎದುರಿಗಿದ್ದವರು ಮೂರನೆಯ ಅವಧಿ ಬಯಸಿದ್ದ ಆಸ್ಟ್ರಿಯಾದ ಕುರ್ಟ್ ವಾಲ್ಡ್‌ಹೈಮ್. ಭದ್ರತಾ ಮಂಡಳಿಯ ಮೊದಲ ಸುತ್ತಿನಲ್ಲಿ ಸಲೀಂಗೆ 11 ಮತ, ವಾಲ್ಡ್‌ಹೈಮ್‌ಗೆ 10. ಆದರೆ ಅಮೆರಿಕ ಸಲೀಂ ವಿರುದ್ಧ ವೀಟೊ ಹಾಕಿತು. ಮೂರನೇ ಜಗತ್ತಿನವರೇ ಬರಲಿ ಎಂದು ಪಟ್ಟು ಹಿಡಿದ ಚೀನಾ ವಾಲ್ಡ್‌ಹೈಮ್ ವಿರುದ್ಧ 16 ಸಲ ವೀಟೊ ಚಲಾಯಿಸಿತು. ಹಗ್ಗಜಗ್ಗಾಟ ಆರು ವಾರ ನಡೆಯಿತು. ಡಿಸೆಂಬರ್‌ನಲ್ಲಿ ಮಂಡಳಿಯ ಅಧ್ಯಕ್ಷರಾಗಿದ್ದ ಉಗಾಂಡಾದ ಒಲಾರಾ ಒಟುನು ಇಬ್ಬರನ್ನೂ ಪಕ್ಕಕ್ಕೆ ಸರಿಯುವಂತೆ ಒಪ್ಪಿಸಿದರು. ಕುರ್ಚಿ ಪೆರುವಿನ ಪೆರೆಜ್ ದೆ ಕ್ಯೂಲಾರ್ ಪಾಲಾಯಿತು. ಹತ್ತು ವರ್ಷ ಹಿಂದಿನ ಕುಣಿತವನ್ನು ವಾಷಿಂಗ್ಟನ್ ಮರೆಯಲಿಲ್ಲ ಎಂಬುದು ಎಲ್ಲರೂ ಹೇಳುವ ಕತೆ. ಅದಷ್ಟೇ ಕಾರಣ ಎನ್ನುವುದು ಕತೆಯನ್ನು ತೀರಾ ಸರಳ ಮಾಡಿದಂತೆ. ದಕ್ಷಿಣ ಆಫ್ರಿಕಾ, ಪ್ಯಾಲೆಸ್ಟೀನ್ ವಿಷಯಗಳಲ್ಲಿ ಸಲೀಂ ತಳೆದಿದ್ದ ನಿಲುವೇ ರೇಗನ್ ಸರ್ಕಾರಕ್ಕೆ ಸಾಕಾಗಿತ್ತು.

ದೇಶದೊಳಗಿನ ರಾಜಕೀಯದಲ್ಲಿ ಅವರು ಏಕಾಏಕಿ ಮೇಲೇರಿದ್ದು ಒಂದು ದುರಂತದಿಂದ. ಪ್ರಧಾನಿ ಎಡ್ವರ್ಡ್ ಸೊಕೊಯಿನೆ 1984ರ ಏಪ್ರಿಲ್ 12ರಂದು ಕಾರು ಅಪಘಾತದಲ್ಲಿ ತೀರಿಕೊಂಡರು. ಆ ಜಾಗಕ್ಕೆ ನ್ಯೆರೆರೆ ಸಲೀಂ ಅವರನ್ನು ತಂದರು. ಉಗಾಂಡಾದ ಇದಿ ಅಮೀನ್ ವಿರುದ್ಧದ ಯುದ್ಧ ಮತ್ತು ತೈಲಬೆಲೆಯಿಂದ ದೇಶ ಬಸವಳಿದಿತ್ತು, ಅಂಗಡಿಗಳು ಖಾಲಿ. ಸೊಕೊಯಿನೆ ಕಾಳಸಂತೆಯವರನ್ನು ಹಿಡಿದು ಜೈಲಿಗೆ ಹಾಕಿಸಿದ್ದರು. ಸಲೀಂ ಪ್ರಧಾನಿಯಾಗಿದ್ದಾಗ ಬಂದ 1984ರ ಬಜೆಟ್ ಬೇರೆ ದಾರಿ ಹಿಡಿಯಿತು: ಶಿಲ್ಲಿಂಗ್ ಅಪಮೌಲ್ಯವಾಯಿತು, ಸ್ವಂತ ವಿದೇಶಿ ಹಣ ಇದ್ದವರು ಅದು ಎಲ್ಲಿಂದ ಬಂತೆಂಬ ವಿಚಾರಣೆಯಿಲ್ಲದೆ ಸರಕು ತರಿಸಬಹುದಾಯಿತು. ನ್ಯೆರೆರೆಯ ಸಮಾಜವಾದ ಸಡಿಲಗೊಂಡಿದ್ದು ಇಲ್ಲಿಂದಲೇ.

1985ರಲ್ಲಿ ನ್ಯೆರೆರೆ ಅಧಿಕಾರ ಬಿಟ್ಟಾಗ ಅವರ ಒಲವು ಸಲೀಂ ಕಡೆಗಿತ್ತು ಎನ್ನುತ್ತಾರೆ. ಅಡ್ಡ ಬಂದವರು ಜಂಜಿಬಾರಿನವರೇ. ಸಲೀಂ ಅರಬ್ ಮೂಲದವರು; ಕ್ರಾಂತಿಗೆ ಮೊದಲು ಉಮ್ಮಾ ಪಕ್ಷದಲ್ಲಿದ್ದವರು. ಆ ಪಕ್ಷವೋ, ಸುಲ್ತಾನನ ಪರವಾಗಿದ್ದ ‘ಹಿಜ್ಬು’ ರಾಷ್ಟ್ರೀಯವಾದಿಗಳಿಂದ ಸಿಡಿದು ಬಂದದ್ದು. ಉಮ್ಮಾದವರು ಕ್ರಾಂತಿಯ ಜೊತೆಗೇ ನಿಂತಿದ್ದರೂ ಹಳೆಯ ಗುಮಾನಿ ಕರಗಿರಲಿಲ್ಲ. ದ್ವೀಪದ ಇನ್ನೊಬ್ಬ ನಾಯಕ ಅಲಿ ಹಸನ್ ಮ್ವಿನ್ಯಿ ಅಧ್ಯಕ್ಷರಾದರು. ಸಲೀಂ ರಕ್ಷಣಾ ಸಚಿವ, ಉಪಪ್ರಧಾನಿ ಹುದ್ದೆಗಳಲ್ಲಿ ಉಳಿದರು.

1989ರಿಂದ 2001ರವರೆಗೆ ಆಫ್ರಿಕನ್ ಏಕತಾ ಸಂಘಟನೆಯ ಮಹಾಕಾರ್ಯದರ್ಶಿಯಾಗಿ ಆಡಿಸ್ ಅಬಾಬಾದಲ್ಲಿ ಕಳೆದ 12 ವರ್ಷವೇ ಅವರ ನಿಜವಾದ ಸಾಧನೆ. ಒಬ್ಬರ ಮನೆಯ ವಿಚಾರಕ್ಕೆ ಇನ್ನೊಬ್ಬರು ತಲೆ ಹಾಕಬಾರದು ಎಂಬುದು 1963ರಿಂದ ಆ ಸಂಘಟನೆಯ ಧರ್ಮವಾಗಿತ್ತು. ಇದಿ ಅಮೀನ್‌ನಂಥವನೂ ಅದರ ಅಧ್ಯಕ್ಷನಾಗಿದ್ದ. ಸಲೀಂ ಒತ್ತಾಯದ ಮೇರೆಗೆ 1993ರಲ್ಲಿ ಕೈರೋ ಸಮಾವೇಶ ಸಂಘರ್ಷ ತಡೆಯುವ ವ್ಯವಸ್ಥೆಯೊಂದನ್ನು ರಚಿಸಿತು. ಹಣ, ಸೈನ್ಯ ಎರಡೂ ಇಲ್ಲದ ಆ ವ್ಯವಸ್ಥೆಗೆ ಮರುವರ್ಷವೇ ರುವಾಂಡಾ ಎದುರಾಯಿತು. ಹತ್ಯಾಕಾಂಡದಲ್ಲಿ ಸುಮಾರು ಎಂಟು ಲಕ್ಷ ಜನ ಸತ್ತರು. ಅದರ ವಿಚಾರಣೆಗೆ ಸಂಘಟನೆ ನೇಮಿಸಿದ ಗಣ್ಯರ ಸಮಿತಿಯಲ್ಲಿ ಭಾರತದ ನಿವೃತ್ತ ಮುಖ್ಯ ನ್ಯಾಯಮೂರ್ತಿ ಪಿ. ಎನ್. ಭಗವತಿಯವರೂ ಇದ್ದರು. 2000ದ ಜುಲೈನಲ್ಲಿ ಲೋಮೆಯಲ್ಲಿ ಅಂಗೀಕಾರವಾದ, ಆ ಸಂಘಟನೆಯ ಜಾಗಕ್ಕೆ ಬರಲಿದ್ದ ಆಫ್ರಿಕನ್ ಒಕ್ಕೂಟದ ಸಂವಿಧಾನ, ನರಮೇಧ ನಡೆಯುವಲ್ಲಿ ಮಧ್ಯಪ್ರವೇಶಿಸುವ ಹಕ್ಕನ್ನು ಬರೆದೇ ಕೊಟ್ಟಿತು.

2005ರಲ್ಲಿ ಸಲೀಂ ಆಡಳಿತ ಪಕ್ಷದ ಅಧ್ಯಕ್ಷೀಯ ಟಿಕೆಟ್‌ಗೆ ಮತ್ತೆ ಸ್ಪರ್ಧಿಸಿದರು. ಡೊಡೊಮಾದ ಪಕ್ಷದ ಸಮ್ಮೇಳನದಲ್ಲಿ ವಿದೇಶಾಂಗ ಸಚಿವ ಜಕಾಯಾ ಕಿಕ್ವೆಟೆ ಸಲೀಂಗಿಂತ ಎರಡು ಪಟ್ಟಿಗೂ ಹೆಚ್ಚು ಮತ ಪಡೆದು ಗೆದ್ದರು. ನಲವತ್ತು ವರ್ಷ ಕಳೆದರೂ ಅದೇ ಹಿಜ್ಬು ಆರೋಪ ಪ್ರಚಾರದಲ್ಲಿ ಕೇಳಿಬಂತು. ಆದರೂ ಸೋಲಿನ ಹೊಣೆಯನ್ನೆಲ್ಲ ಅದರ ಮೇಲೆ ಹೊರಿಸಲಾಗದು. ಹನ್ನೆರಡು ವರ್ಷ ಆಡಿಸ್ ಅಬಾಬಾದಲ್ಲಿದ್ದವರಿಗಿಂತ, ಜಿಲ್ಲೆ ಜಿಲ್ಲೆ ಸುತ್ತಿ ಯುವ ಕಾರ್ಯಕರ್ತರನ್ನು ಕೂಡಿಸಿಕೊಂಡವರಿಗೆ ಪಕ್ಷದ ಪ್ರತಿನಿಧಿಗಳು ಹತ್ತಿರವಾಗಿದ್ದರು.

ಆಮೇಲಿನದು ಮತ್ತೆ ಮಧ್ಯಸ್ಥಿಕೆಯ ಕೆಲಸ. ಡಾರ್ಫರ್ ಕುರಿತ ಅಬುಜಾ ಮಾತುಕತೆಗಳನ್ನು ಅವರು ನಡೆಸಿದರು; 2006ರ ಮೇ ಒಪ್ಪಂದಕ್ಕೆ ಬಂಡುಕೋರರಲ್ಲಿ ಒಂದೇ ದೊಡ್ಡ ಬಣ ಸಹಿ ಹಾಕಿದ್ದರಿಂದ ಅದು ನಿಲ್ಲಲಿಲ್ಲ. ಮುಂದೆ ಮೊ ಇಬ್ರಾಹಿಂ ಪ್ರತಿಷ್ಠಾನದ ಪ್ರಶಸ್ತಿ ಸಮಿತಿಯ ಅಧ್ಯಕ್ಷರಾದರು. ಚುನಾಯಿತರಾಗಿ ಬಂದು, ಅವಧಿ ಮುಗಿದೊಡನೆ ಕುರ್ಚಿ ಬಿಟ್ಟ ಆಫ್ರಿಕಾದ ನಾಯಕರಿಗೆ ಕೊಡುವ ಪ್ರಶಸ್ತಿ ಅದು. 2012 ಮತ್ತು 2013ರಲ್ಲಿ ಸಮಿತಿ ಅದನ್ನು ಯಾರಿಗೂ ಕೊಡಲಿಲ್ಲ.