ಜಾಮೀನಿಗೂ ಗಡಿರೇಖೆಯೇ?

ಸೆಷನ್ಸ್ ನ್ಯಾಯಾಲಯ ಶಿಕ್ಷೆ ವಿಧಿಸಿತೆಂದರೆ ಊರಿನವರ ಲೆಕ್ಕದಲ್ಲಿ ಕೇಸು ಮುಗಿದಂತೆ. ಕಾನೂನಿನ ಲೆಕ್ಕ ಬೇರೆ. ಮಾಲೂರಿನವನಾಗಲಿ, ಮುಳಬಾಗಿಲಿನವನಾಗಲಿ, ಕೋಲಾರದಲ್ಲಿ ಶಿಕ್ಷೆಯಾದವನು 60 ದಿನಗಳೊಳಗೆ ಬೆಂಗಳೂರಿನ ಹೈಕೋರ್ಟಿಗೆ ಮೇಲ್ಮನವಿ ಹಾಕಿಕೊಳ್ಳಬಹುದು. ಹಾಕುವುದೇನೋ ಸುಲಭ, ಅದು ವಿಚಾರಣೆಗೆ ಬರುವುದು ಯಾವಾಗಲೋ.

2000ದ ಮಾರ್ಚ್‌ನಲ್ಲಿ ಕಂಬಾಲಪಲ್ಲಿಯಲ್ಲಿ 7 ಮಂದಿ ದಲಿತರನ್ನು ಸುಟ್ಟು ಕೊಂದದ್ದನ್ನು ಇಲ್ಲಿಯವರು ಮರೆತಿಲ್ಲ. ಚಿಂತಾಮಣಿ ತಾಲ್ಲೂಕು ಆಗ ಕೋಲಾರ ಜಿಲ್ಲೆಯಲ್ಲೇ ಇತ್ತು. 2006ರಲ್ಲಿ ಕೋಲಾರದ ನ್ಯಾಯಾಲಯ ಆರೋಪಿಗಳನ್ನು ಖುಲಾಸೆ ಮಾಡಿತು. ಹೈಕೋರ್ಟು ಅದನ್ನು ಎತ್ತಿಹಿಡಿದದ್ದು 2014ರಲ್ಲಿ. ಅಲ್ಲಿ ಅಷ್ಟು ವರ್ಷ ಕಾದವರು ಸತ್ತವರ ಕಡೆಯವರು. ಶಿಕ್ಷೆಯಾದ ಪ್ರಕರಣಗಳಲ್ಲಿ ಕಾಯುವವನು ಜೈಲಿನೊಳಗಿರುತ್ತಾನೆ. 5 ವರ್ಷದ ಶಿಕ್ಷೆಯವನಿಗೆ, ಶಿಕ್ಷೆ ಪೂರ್ತಿ ಅನುಭವಿಸಿದ ಮೇಲೆ ನಿರಪರಾಧಿಯೆಂಬ ತೀರ್ಪು ಬಂದರೆ ಆ ಕಾಗದವನ್ನು ಅವನು ಏನು ಮಾಡಬೇಕು?

ಈ ಪ್ರಶ್ನೆ ಹಳೆಯದು. 1977ರಲ್ಲಿ ಕಶ್ಮೀರಾ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಪಿ.ಎನ್. ಭಗವತಿ ಇದನ್ನೇ ಎತ್ತಿದರು. ಮನವಿ ಕೇಳಲು ಕೋರ್ಟಿಗೇ ಪುರುಸೊತ್ತಿಲ್ಲದಿದ್ದರೆ, ಆ ತಪ್ಪಿಗೆ ಕೈದಿಯನ್ನು ವರ್ಷಗಟ್ಟಲೆ ಒಳಗಿಡುವುದು ನ್ಯಾಯವಲ್ಲ ಎಂಬುದು ಅವರ ಮಾತಿನ ತಿರುಳು. ಘೋರ ಅಪರಾಧಗಳಲ್ಲಿ ಸರ್ಕಾರಿ ವಕೀಲರ ಆಕ್ಷೇಪಣೆಗೂ ಅವಕಾಶ ಕೊಟ್ಟ ಮೇಲೆಯೇ ಜಾಮೀನು, ಅದು ಇರಬೇಕಾದದ್ದೇ. ಸಾಕ್ಷಿ ಹೇಳಿದವರೂ ಅದೇ ಊರಿನಲ್ಲಿ ಬಾಳಬೇಕಲ್ಲ.

ಜಾಮೀನು ಸಿಕ್ಕಿತೆನ್ನಿ. ಬಡವನ ಪಾಡು ಅಲ್ಲಿಗೂ ಮುಗಿಯದು. ಮಧ್ಯಪ್ರದೇಶದ ಮೋತಿರಾಮ್ ಎಂಬ ಗಾರೆ ಕೆಲಸದವನಿಗೆ ಮೇಲ್ಮನವಿ ತೀರ್ಮಾನವಾಗುವ ತನಕ ಜಾಮೀನು ಸಿಕ್ಕಿತ್ತು. ಮ್ಯಾಜಿಸ್ಟ್ರೇಟರು 10,000 ರೂಪಾಯಿಯ ಭದ್ರತೆ ಕೇಳಿದರು; ಅಣ್ಣತಮ್ಮಂದಿರಲ್ಲೊಬ್ಬ ಮುಂದೆ ಬಂದರೆ, ಅವನ ಆಸ್ತಿ ಬೇರೆ ಜಿಲ್ಲೆಯಲ್ಲಿದೆಯೆಂದು ಒಪ್ಪಲಿಲ್ಲ. 1978ರಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ 1,000 ರೂಪಾಯಿಯ ಸ್ವಂತ ಮುಚ್ಚಳಿಕೆಯ ಮೇಲೆ ಬಿಡಿಸಿದರು. ದೂರದೂರಿನಲ್ಲಿ ಸಿಕ್ಕಿಬಿದ್ದ ಕನ್ನಡಿಗನೋ ತಮಿಳನೋ ಅಲ್ಲಿ ಆಸ್ತಿಯುಳ್ಳ ಜಾಮೀನುದಾರನನ್ನು ಎಲ್ಲಿಂದ ತರಬೇಕು ಎಂದೂ ಅವರು ಕೇಳಿದ್ದರು.

ಕೋಲಾರದ ಸೀಮೆಯವರಿಗೆ ಅಷ್ಟು ದೂರವೂ ಹೋಗಬೇಕಿಲ್ಲ. ಮುಳಬಾಗಿಲಿನವರಿಗೆ ಪಲಮನೇರು, ಶ್ರೀನಿವಾಸಪುರದವರಿಗೆ ಮದನಪಲ್ಲಿ, ಮಾಲೂರಿನವರಿಗೆ ಹೊಸೂರು ಪಕ್ಕದ ಊರುಗಳೇ. ಹೆಣ್ಣು ಕೊಡುವಾಗ, ತರುವಾಗ ಅಡ್ಡಬಾರದ ರಾಜ್ಯದ ಗಡಿ ಜಾಮೀನಿನ ಹೊತ್ತಿಗೆ ಎದ್ದು ನಿಲ್ಲಬೇಕೆ? ಸೋದರಮಾವನ ಹೊಲ ಆಂಧ್ರದಲ್ಲಿದ್ದರೆ ಅವನ ಮಾತಿಗೆ ಬೆಲೆ ಕಡಿಮೆಯೆ? ಕರ್ನಾಟಕದ ಪಹಣಿಯೇ ಬೇಕೆಂದರೆ ಅವನು ತರುವುದೆಲ್ಲಿಂದ?

2023ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಇದಕ್ಕೂ ದಾರಿ ತೋರಿಸಿದೆ. ಸ್ಥಳೀಯ ಜಾಮೀನುದಾರರೇ ಬೇಕೆಂಬ ಷರತ್ತು ಹಾಕದಿರುವುದು ಲೇಸೆಂದಿದೆ. ಜಾಮೀನಿನ ಆದೇಶವಾಗಿ 7 ದಿನ ಕಳೆದರೂ ಬಿಡುಗಡೆಯಾಗದವನ ವಿಷಯವನ್ನು ಜೈಲಿನ ಸೂಪರಿಂಟೆಂಡೆಂಟರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಾರ್ಯದರ್ಶಿಗೆ ತಿಳಿಸಬೇಕು. ತಿಳಿಸಿದರೋ ಇಲ್ಲವೋ ಎಂದು ಮನೆಯವರು ಕೋಲಾರದ ಪ್ರಾಧಿಕಾರದ ಕಚೇರಿಗೇ ಹೋಗಿ ವಿಚಾರಿಸಬಹುದು. ಸೆರೆಯಲ್ಲಿರುವವನಿಗೆ ಉಚಿತ ವಕೀಲರನ್ನು ಪಡೆಯುವ ಹಕ್ಕೂ ಉಂಟು.