ಕಡಿಮೆ ಬಿದ್ದರೆ ಸಾಲಗಾರನದು, ಹೆಚ್ಚು ಬಂದರೆ ಯಾರದು?

ಅಡವಿಟ್ಟ ಮನೆ ಹರಾಜಾಗಿ, ಸಾಲ ತೀರಿ ಮಿಕ್ಕ ಹಣ ಸಾಲಗಾರನಿಗೆ ಸೇರಬೇಕು ಎಂದರೆ ನಮ್ಮ ಅರಸೀಕೆರೆಯಲ್ಲಿ (ಹಾಸನದ್ದಲ್ಲ, ಹರಪನಹಳ್ಳಿ ತಾಲ್ಲೂಕಿನದು) ನಗುವವರಿದ್ದಾರೆ. ಕೊಟ್ಟೂರು, ಕೂಡ್ಲಿಗಿ, ಹಡಗಲಿ ಕಡೆಯೂ ಇದೇ ನಗು. ಅವರ ವಾದಗಳನ್ನು ಒಂದೊಂದಾಗಿ ಮುಂದಿಡುತ್ತೇನೆ, ತೀರ್ಪು ಓದುಗರದು.

‘ಸಾಲ ಕಟ್ಟದೆ ಹೋದ ಮೇಲೆ ಮನೆ ಬ್ಯಾಂಕಿನದು, ಹರಾಜಿನ ದುಡ್ಡೂ ಬ್ಯಾಂಕಿನದು.’ ಅಡಮಾನ ಬೇರೆ, ಕ್ರಯ ಬೇರೆ ಎಂಬುದು ಸಬ್‌ರಿಜಿಸ್ಟ್ರಾರ್ ಕಚೇರಿ ಮುಂದೆ ಕೂರುವ ಪತ್ರ ಬರಹಗಾರನಿಗೂ ಗೊತ್ತು. ಮಾರಾಟದ ಹಣ ಯಾರಿಗೆ ಸೇರಬೇಕೆಂಬುದನ್ನು 1882ರ ಸ್ವತ್ತು ವರ್ಗಾವಣೆ ಕಾಯ್ದೆಯ 69ನೇ ಕಲಂ ಆಗಲೇ ಹೇಳಿದೆ. ಅಡವಿನ ಆಸ್ತಿ ಮಾರಲು ಬ್ಯಾಂಕುಗಳು ಬಲು ಪ್ರೀತಿಯಿಂದ ಬಳಸುವ 2002ರ ಸರ್ಫೇಸಿ ಕಾಯ್ದೆಯ 13(7)ನೇ ಕಲಂ ಕೂಡ ಅದನ್ನೇ ಹೇಳುತ್ತದೆ: ಮಾರಾಟದ ಹಣ ಬ್ಯಾಂಕಿನ ಕೈಯಲ್ಲಿ ನಂಬಿಕೆಯ ಠೇವಣಿ. ಮೊದಲು ಖರ್ಚು, ಆಮೇಲೆ ಬಾಕಿ, ಉಳಿದದ್ದು ಹಕ್ಕುಳ್ಳವರಿಗೆ. ‘ವ್ಯತಿರಿಕ್ತ ಕರಾರು ಇಲ್ಲದಿದ್ದರೆ’ ಎಂಬ ಮಾತು ಅಲ್ಲಿದೆಯಲ್ಲ ಎನ್ನುತ್ತಾರೆ. ಇದೆ. ಹಾಗಾದರೆ ‘ಉಳಿಕೆಯನ್ನು ಬ್ಯಾಂಕಿಗೇ ಬಿಟ್ಟಿದ್ದೇನೆ’ ಎಂದು ಸಾಲಗಾರ ಒಪ್ಪಿ ಸಹಿ ಹಾಕಿದ ಪುಟವನ್ನು ತೋರಿಸಲಿ.

‘ಸುಸ್ತಿದಾರನಿಗೆ ಹಕ್ಕು ಕೇಳುವ ನೈತಿಕತೆ ಎಲ್ಲಿಂದ ಬಂತು?’ ಇವರಿಗೆ ತುಂಬಾ ಇಷ್ಟವಾದ ವಾದ ಇದು. ಇಲ್ಲೇ ಸ್ವಲ್ಪ ನಿಲ್ಲೋಣ. ಹರಾಜಿನಲ್ಲಿ ಬಂದ ಹಣ ಬಾಕಿಗೆ ಸಾಲದೆ ಹೋದರೆ ಬ್ಯಾಂಕು ‘ಮನೆ ಬಂತಲ್ಲ, ಸಾಕು’ ಎನ್ನುತ್ತದೆಯೇ? ಇಲ್ಲ. 13(10)ನೇ ಕಲಂ ಹಿಡಿದು, ಕೊರತೆಗಾಗಿ ಋಣ ವಸೂಲಾತಿ ನ್ಯಾಯಮಂಡಳಿಗೆ ಹೋಗುತ್ತದೆ, ಜಾಮೀನುದಾರನ ಬಾಗಿಲನ್ನೂ ಬಡಿಯುತ್ತದೆ. ಅಂದರೆ ಕೊರತೆ ಬಿದ್ದ ದಿನ ಮನೆಯ ಬೆಲೆಗೂ ಸಾಲಕ್ಕೂ ಪಕ್ಕಾ ಲೆಕ್ಕ. ಮಿಕ್ಕ ದಿನ ಮಾತ್ರ ನೀತಿಪಾಠ! ಕಟ್ಟದ ತಪ್ಪಿಗೆ ಬಡ್ಡಿ, ದಂಡ, ಖರ್ಚು ಎಲ್ಲವನ್ನೂ ಬಾಕಿಗೆ ಸೇರಿಸಿಯಾಗಿದೆ. ಅದಾದ ಮೇಲೂ ಉಳಿಕೆಯನ್ನು ಇಟ್ಟುಕೊಂಡರೆ ಒಂದೇ ತಪ್ಪಿಗೆ ಎರಡು ಶಿಕ್ಷೆ. ಉದ್ಯಮಿ ವಿಜಯ್ ಮಲ್ಯರನ್ನೇ ನೋಡಿ. 2017ರಲ್ಲಿ ಬೆಂಗಳೂರಿನ ನ್ಯಾಯಮಂಡಳಿ ನಿಗದಿಪಡಿಸಿದ ಬಾಕಿ ₹6,203 ಕೋಟಿ ಮತ್ತು ಬಡ್ಡಿ. ₹14,131 ಕೋಟಿಗೂ ಹೆಚ್ಚು ಬ್ಯಾಂಕುಗಳಿಗೆ ಮರಳಿದೆ ಎಂದು 2024ರ ಡಿಸೆಂಬರಿನಲ್ಲಿ ಹಣಕಾಸು ಸಚಿವೆ ಸಂಸತ್ತಿಗೆ ತಿಳಿಸಿದರು. ಬಡ್ಡಿ ಸೇರಿಸಿದರೆ ಬಾಕಿ ಇನ್ನೂ ಇದೆಯೋ ಇಲ್ಲವೋ, ಅದು ಬೇರೆ ವಿಷಯ. ಆದರೆ ಲೆಕ್ಕ ಕೊಡಿಸಿ ಎಂದು ಅವರು 2025ರಲ್ಲಿ ಕರ್ನಾಟಕ ಹೈಕೋರ್ಟಿಗೆ ಹೋದಾಗ ನ್ಯಾಯಾಲಯ ಬ್ಯಾಂಕುಗಳಿಗೆ ನೋಟಿಸ್ ಕೊಟ್ಟಿತು. ದೇಶ ಬಿಟ್ಟವರು ಕೇಳಬಹುದಾದ ಲೆಕ್ಕವನ್ನು ಊರಲ್ಲೇ ಇರುವ ಕಿರಾಣಿ ಅಂಗಡಿಯವನು ಕೇಳಬಾರದೇ?

‘ಹರಾಜಿನಲ್ಲಿ ಏನೂ ಉಳಿಯುವುದೇ ಇಲ್ಲ.’ ಉಳಿಯದ ಹಣಕ್ಕಾಗಿ ಇಷ್ಟು ವಾದ ಯಾಕೆ ಸ್ವಾಮಿ? ಕೊಟ್ಟೂರಿನ ಒಂದು ಮನೆಯ ಮೇಲೆ ₹9 ಲಕ್ಷ ಬಾಕಿ ಇದೆ, ಹರಾಜಿನಲ್ಲಿ ₹15 ಲಕ್ಷ ಬಂತು ಎಂದಿಟ್ಟುಕೊಳ್ಳಿ. ಪತ್ರಿಕಾ ಜಾಹೀರಾತು, ಮೌಲ್ಯಮಾಪಕರ ಫೀ, ಕಾವಲುಗಾರನ ಸಂಬಳ, ವಕೀಲರ ಶುಲ್ಕ ಎಲ್ಲ ಸೇರಿ ₹60 ಸಾವಿರ. ಉಳಿಯುವುದು ₹5 ಲಕ್ಷದ 40 ಸಾವಿರ. ಇದು ಸೊನ್ನೆಯಾಗಬೇಕಾದರೆ ಪಟ್ಟಿಯಲ್ಲಿ ‘ಇತರೆ’ ಎಂಬ ಸಾಲು ಬಲು ಉದ್ದವಾಗಬೇಕು. ಉಳಿದಿಲ್ಲ ಎನ್ನುವವರು ಪಟ್ಟಿ ತೋರಿಸಿದರೆ ವಿವಾದವೇ ಇಲ್ಲ. ಅವರು ತೋರಿಸದೆ ಇರುವುದೂ ಅದನ್ನೇ.

‘ಸರ್ಫೇಸಿ ಹೊಲಕ್ಕೆ ಅನ್ವಯಿಸುವುದಿಲ್ಲ, ಆದ್ದರಿಂದ ರೈತನಿಗೆ 13(7) ಇಲ್ಲ.’ ಮೊದಲ ಅರ್ಧ ನಿಜ. 31ನೇ ಕಲಂ ಕೃಷಿ ಭೂಮಿಯನ್ನು ಹೊರಗಿಟ್ಟಿದೆ. ಹಾಗಿದ್ದರೆ ಆ ಕಾಯ್ದೆಯಡಿ ಮೆಕ್ಕೆಜೋಳದ ಹೊಲ ಹರಾಜು ಹಾಕಲೂ ಬರುವುದಿಲ್ಲ. ಸಿವಿಲ್ ಕೋರ್ಟಿನ ಡಿಕ್ರಿ ಮೂಲಕ ಮಾರಿದರೆ, 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 34ನೇ ಆದೇಶ ಉಳಿಕೆಯನ್ನು ಅಡವಿಟ್ಟವನ ಕಡೆಗೇ ಕಳಿಸುತ್ತದೆ.

‘ಬೇರೆ ಬಾಕಿಗೆ ಜಮಾ ಮಾಡಿಕೊಂಡೆವು.’ ಅದೇ ಮನೆಯ ಮೇಲೆ ಎರಡನೇ ಅಡಮಾನ ಇದ್ದರೆ ಸರಿ, ಅವರೂ ಹಕ್ಕುಳ್ಳವರೇ. ಇಲ್ಲದಿದ್ದರೆ ಯಾವ ಬಾಕಿ, ಯಾವ ದಾಖಲೆ ಎಂದು ಬರೆದು ಕೊಡಲಿ.

‘ಅವನು ಬಂದು ಕೇಳಲೇ ಇಲ್ಲ.’ ಕೇಳಿದರೆ ಕೊಡಿ ಎಂದು ಕಾನೂನು ಹೇಳಿಲ್ಲ, ಕೊಡಿ ಎಂದಿದೆ. 60 ದಿನಗಳ ನೋಟಿಸ್ ಕಳಿಸಲು ವಿಳಾಸ ಸಿಕ್ಕಿತ್ತು. ಸ್ವಾಧೀನದ ನೋಟಿಸನ್ನು ಬಾಗಿಲಿಗೆ ಅಂಟಿಸಲು, ಎರಡು ಪತ್ರಿಕೆಗಳಲ್ಲಿ ಅಚ್ಚು ಹಾಕಿಸಲು ಹೆಸರೂ ಸಿಕ್ಕಿತ್ತು. ಚೆಕ್ ಬರೆಯುವಾಗ ಮಾತ್ರ ಎರಡೂ ಕಾಣೆ! ತಕರಾರು ಮಾಡೋಣವೆಂದರೆ ಸರ್ಫೇಸಿಯ 34ನೇ ಕಲಂ ಸಿವಿಲ್ ಕೋರ್ಟಿನ ಬಾಗಿಲು ಮುಚ್ಚುತ್ತದೆ. ನ್ಯಾಯಮಂಡಳಿ ಇರುವುದು ಹೆಚ್ಚುಕಡಿಮೆ 300 ಕಿಲೋಮೀಟರ್ ದೂರದ ಬೆಂಗಳೂರಿನಲ್ಲಿ. ಇನ್ನು ಸಾಲ ತೀರಿಸಿ ಮನೆ ಬಿಡಿಸಿಕೊಳ್ಳುವ ಹಕ್ಕನ್ನು 2016ರ ತಿದ್ದುಪಡಿ ಹರಾಜಿನ ಪ್ರಕಟಣೆ ಹೊರಬೀಳುವವರೆಗೆ ಮಾತ್ರ ಉಳಿಸಿದೆ. 2023ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿದಿದೆ. ಆಮೇಲೆ ಸಾಲಗಾರನಿಗೆ ಉಳಿಯುವುದು ಉಳಿಕೆಯೊಂದೇ.

ಉಳಿಕೆ ಯಾರದೆಂಬ ಪ್ರಶ್ನೆ ಹೊರದೇಶದಲ್ಲೂ ಎದ್ದಿತ್ತು. ಅಮೆರಿಕದ ಹೆನ್ನೆಪಿನ್ ಕೌಂಟಿ 15,000 ಡಾಲರ್ ತೆರಿಗೆ ಬಾಕಿಗಾಗಿ ಜೆರಾಲ್ಡಿನ್ ಟೈಲರ್ ಎಂಬ ಮುದುಕಿಯ ಮನೆಯನ್ನು 40,000ಕ್ಕೆ ಮಾರಿ, ಮಿಕ್ಕ 25,000 ತಾನೇ ಇಟ್ಟುಕೊಂಡಿತ್ತು. 2023ರ ಮೇ ತಿಂಗಳಲ್ಲಿ ಅಲ್ಲಿನ ಸುಪ್ರೀಂ ಕೋರ್ಟಿನ ಒಂಬತ್ತೂ ನ್ಯಾಯಮೂರ್ತಿಗಳು ಆಕೆಯ ಪರ ನಿಂತರು. ಅಲ್ಲಿ ಹಣ ಇಟ್ಟುಕೊಂಡದ್ದು ಸರಕಾರ. ಇಲ್ಲಿ ಅದನ್ನು ಒಂದು ಬ್ಯಾಂಕು ಮಾಡಬಹುದೇ? ಚಿನ್ನದ ಸಾಲದಲ್ಲಿ ಹರಾಜಿನ ಉಳಿಕೆಯನ್ನು ಏಳು ಕೆಲಸದ ದಿನಗಳೊಳಗೆ ಮರಳಿಸಬೇಕೆಂದು ರಿಸರ್ವ್ ಬ್ಯಾಂಕ್ 2025ರಲ್ಲಿ ನಿರ್ದೇಶನ ಹೊರಡಿಸಿದೆ. ಸರಕ್ಕೆ ಸಿಕ್ಕ ಗಡುವು ಮನೆಗೂ ಸಿಗಲಿ.

ಅಲ್ಲಿಯವರೆಗೆ, ಮನೆ ಹರಾಜಾದವರು ಬ್ಯಾಂಕಿನ ಅಧಿಕೃತ ಅಧಿಕಾರಿಗೆ ಅರ್ಜಿ ಬರೆಯಿರಿ: ಮಾರಾಟದ ದಿನ, ಬಂದ ಮೊತ್ತ, ಕಳೆದ ಖರ್ಚು, ಉಳಿದ ಹಣ. ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ, ಅರ್ಜಿಯ ಪ್ರತಿ ಮತ್ತು ರಸೀದಿಯನ್ನು ಜೋಪಾನವಾಗಿಡಿ.